ಸದ್ದಿನ ಹಗೇವು

ನಮ್ಮ ಕಡೆ ಅವ್ವನ ಅವ್ವನಿಗೆ ಅಮ್ಮ ಅಂತೀವಿ. ಅಮ್ಮ 2009ರಲ್ಲಿ ಹೋದಳು. ಅವಳ ದನಿ ನನ್ನ ಹತ್ತಿರ ಇಲ್ಲ.

ನಾನು ಕೊಪ್ಪಳದಲ್ಲಿ 28 ವರ್ಷದಿಂದ ಮೈಕ್‌ಸೆಟ್ ಅಂಗಡಿ ನಡೆಸುತ್ತಿದ್ದೇನೆ. ಮದುವೆ, ಜಾತ್ರೆ, ಪುರಾಣ, ನಾಟಕ, ಚುನಾವಣೆ ಎಲ್ಲದಕ್ಕೂ ಮೈಕ್ ಕಟ್ಟಿದ್ದೇನೆ. ಎಷ್ಟೋ ಮಂದಿಯ ಮಾತನ್ನು ಮೊದಲು ಕ್ಯಾಸೆಟ್‌ಗೆ, ಆಮೇಲೆ ಸಿಡಿಗೆ, ಈಗ ಪೆನ್‌ಡ್ರೈವ್‌ಗೆ ತುಂಬಿಕೊಟ್ಟಿದ್ದೇನೆ. ಅಮ್ಮನ ಮುಂದೆ ಮಾತ್ರ ಒಂದು ಸಲವೂ ಮೈಕ್ ಹಿಡಿಯಲಿಲ್ಲ. ಅವಳು ಯಾವಾಗಲೂ ಇರುತ್ತಾಳೆ ಅನ್ನಿಸಿತ್ತು. ಇದು ನನ್ನನ್ನು ಇಷ್ಟು ವರ್ಷ ಕಾಡುತ್ತದೆ ಅಂತ ಆಗ ಗೊತ್ತಿರಲಿಲ್ಲ.

ಅಮ್ಮನ ಊರು ತುಂಗಭದ್ರಾ ಹಿನ್ನೀರಿನಲ್ಲಿದೆ. ಯಾರಾದರೂ "ಇತ್ತು" ಅಂದರೆ ತಿದ್ದುತ್ತಿದ್ದಳು. "ಇತ್ತು ಅನಬ್ಯಾಡೋ ತಮ್ಮಾ, ಐತಿ. ಮ್ಯಾಲ ನೀರೈತಿ, ಅಷ್ಟ."

ಆ ಡ್ಯಾಮಿನ ಕತೆ ನಮ್ಮ ಕಡೆ ಎಲ್ಲರಿಗೂ ಗೊತ್ತು. 1945ರ ಫೆಬ್ರವರಿ 28ರಂದು ಅಡಿಗಲ್ಲು ಬಿತ್ತು. ಎಡದಂಡೆ, ಅಂದರೆ ನಮ್ಮ ಮುನಿರಾಬಾದ್ ಕಡೆ, ಆಗ ಹೈದರಾಬಾದ್ ನಿಜಾಮರ ಸೀಮೆ. ಬಲದಂಡೆ, ಹೊಸಪೇಟೆ ಕಡೆ, ಮದರಾಸಿನವರದು. ಇಬ್ಬರೂ ಸೇರಿ ಕಲ್ಲು, ಸುರ್ಕಿ ಗಾರೆಯಲ್ಲಿ, ಅಂದರೆ ಸುಟ್ಟ ಮಣ್ಣಿನ ಪುಡಿ ಬೆರೆಸಿದ ಸುಣ್ಣದ ಗಾರೆಯಲ್ಲಿ ಕಟ್ಟಿಸಿದರು. ಮುಗಿಯುವಷ್ಟರಲ್ಲಿ ನಿಜಾಮರ ಆಳ್ವಿಕೆಯೂ ಇರಲಿಲ್ಲ, ಇಂಗ್ಲಿಷರದೂ ಇರಲಿಲ್ಲ. 1953ರಲ್ಲಿ ನೀರು ನಿಂತಿತು. ತೊಂಬತ್ತರ ಆಸುಪಾಸು ಹಳ್ಳಿಗಳು ಒಳಗೆ ಹೋದವು. ಐವತ್ತು ಸಾವಿರಕ್ಕೂ ಜಾಸ್ತಿ ಜನ ಗಂಟು ಕಟ್ಟಿಕೊಂಡು ಎದ್ದರು. ಇದಕ್ಕೆಲ್ಲ ಸೇರಿ ನಮ್ಮಲ್ಲಿ ಇರುವುದು ಒಂದೇ ಪದ, ಮುಳುಗಡೆ. "ಅವರು ಮುಳುಗಡಿ ಮಂದಿ" ಅಂದರೆ ಮುಂದೆ ಏನೂ ಹೇಳುವುದು ಬೇಕಾಗುವುದಿಲ್ಲ.

ನಮ್ಮವ್ವ ಆಗ ನಾಲ್ಕು ವರ್ಷದ ಕೂಸು. ಒಂದೇ ಬಂಡಿ ಇತ್ತಂತೆ. ಅಜ್ಜ ಬಾಗಿಲ ಚೌಕಟ್ಟು ಕಿತ್ತು ಹೇರಬೇಕು ಅಂದ, ತೇಗದ್ದು ಅಂತ. ಅಮ್ಮ ಬೀಸುಕಲ್ಲು ಹೇರಬೇಕು ಅಂದಳು. ಎರಡಕ್ಕೂ ಜಾಗ ಇರಲಿಲ್ಲ. ಅರ್ಧ ದಿನ ಜಗಳ ಆಗಿ, ಕೊನೆಗೆ ಬೀಸುಕಲ್ಲು ಬಂತು. ಚೌಕಟ್ಟು ಈಗಲೂ ನೀರಿನೊಳಗೆ ನಿಂತಿದೆ ಅಂತ ಅಜ್ಜ ಸಾಯುವವರೆಗೂ ಹೇಳುತ್ತಿದ್ದ.

ರಜೆಗೆ ಅಮ್ಮನ ಮನೆಗೆ ಹೋದಾಗ, ರಾತ್ರಿ ಅಂಗಳದಲ್ಲಿ ಮಲಗಿ, ಅವಳು ನಮಗೆ ಸದ್ದಿನ ಹಗೇವಿನ ಕತೆ ಹೇಳುತ್ತಿದ್ದಳು. ಈಗಿನ ಹುಡುಗರಿಗೆ ಹಗೇವು ಗೊತ್ತಿರಲಿಕ್ಕಿಲ್ಲ. ಅದು ಜೋಳ ಇಡುವ ನೆಲದೊಳಗಿನ ಗುಂಡಿ. ಬಾಯಿ ಸಣ್ಣದು, ಒಬ್ಬ ಮನುಷ್ಯ ಇಳಿಯುವಷ್ಟು. ಒಳಗೆ ಹೊಟ್ಟೆ ದೊಡ್ಡದು. ಜೋಳ ತುಂಬಿ, ಮೇಲೆ ಹೊಟ್ಟು ಹಾಕಿ, ಕಲ್ಲು ಮುಚ್ಚಿ, ಮಣ್ಣು ಮೆತ್ತಿದರೆ ವರ್ಷಗಟ್ಟಲೆ ಕಾಳು ಕೆಡುವುದಿಲ್ಲ. ಬರಗಾಲಕ್ಕೆ ಅಂತ ಇಡುವುದು.

ಅಮ್ಮನ ಪ್ರಕಾರ ಊರಿನಲ್ಲಿ ಅಂಥದೇ ಇನ್ನೊಂದು ಹಗೇವು ಇತ್ತು. ಅದನ್ನು ಯಾರೂ ತೋಡಿದ್ದಲ್ಲ. ನೀರು ಬಂದಾಗ ತಾನೇ ಆಗಿದ್ದು. ನೀರು ಒಮ್ಮೆಲೆ ಬರಲಿಲ್ಲ. ಸದ್ದಿಲ್ಲದೆ, ಕಳ್ಳನ ಹಾಗೆ, ದಿನಕ್ಕೆ ಒಂದೊಂದು ಗೇಣು ಮೇಲೆ ಬಂತು. ಊರಿನ ಸದ್ದುಗಳಿಗೆ ಹೊರಗೆ ಹೋಗಲು ದಾರಿ ಸಿಗಲಿಲ್ಲ. ಊರ ಅಗಸಿಬಾಗಿಲು ಮುಳುಗಿತು, ಬಾವಿ ಮುಳುಗಿತು, ಗುಡಿಯ ಗಂಟೆ ಮುಳುಗಿತು. ಸದ್ದೆಲ್ಲ ಸರಿದು ಸರಿದು ಊರ ನಡುವಿನ ತಗ್ಗಿಗೆ ಬಂದು ಕೂತವು. ಮೇಲೆ ನೀರು ಕಲ್ಲಿನ ಹಾಗೆ ಮುಚ್ಚಿತು, ರಾಡಿ ಮಣ್ಣಿನ ಹಾಗೆ ಮೆತ್ತಿತು.

"ಜ್ವಾಳ ಹ್ಯಾಂಗ ಕೆಡಂಗಿಲ್ಲೋ, ಹಂಗ ಅವೂ ಕೆಡಂಗಿಲ್ಲ," ಅನ್ನುತ್ತಿದ್ದಳು.

ಆ ಹಗೇವಿಗೆ ಅವಳು ಹೇಳುತ್ತಿದ್ದ ಕಟ್ಟಳೆಗಳು ನನಗೆ ಇನ್ನೂ ಬಾಯಿಪಾಠ. ಬೇಸಿಗೆಯಲ್ಲಿ ನೀರು ಪೂರ್ತಿ ಸರಿದ ವರ್ಷ ಮಾತ್ರ ಅದರ ಬಾಯಿ ತೆರೆಯುತ್ತದೆ. ಕೋಳಿ ಕೂಗುವ ಮೊದಲು ಹೋಗಬೇಕು, ಬರಿಗಾಲಲ್ಲಿ. ಹೋದವರು ಮಾತಾಡಬಾರದು. ಮಾತಾಡಿದರೆ ಅವರ ದನಿಯೂ ಒಳಗೆ ಬಿದ್ದುಬಿಡುತ್ತದೆ, ಮನೆಗೆ ಮೂಕರಾಗಿ ಬರಬೇಕಾಗುತ್ತದೆ. ಬೇರೆ ಮನೆಯ ಸದ್ದು ನಿಮಗೆ ಕೇಳುವುದಿಲ್ಲ, ನಿಮ್ಮ ಮನೆಯದಷ್ಟೇ ಕೇಳುತ್ತದೆ. ಬಾಯಿ ತೆರೆದ ಕೂಡಲೇ ಹತ್ತಿರ ಹೋಗಬಾರದು, ಸ್ವಲ್ಪ ಹೊತ್ತು ಕಾಯಬೇಕು.

ಈ ಕೊನೆಯದು ನಿಜವಾದ ಹಗೇವಿನ ಕಟ್ಟಳೆಯೇ. ಮುಚ್ಚಿಟ್ಟ ಹಗೇವಿನಲ್ಲಿ ಕೆಟ್ಟ ಗಾಳಿ ತುಂಬಿರುತ್ತದೆ. ತೆರೆದ ಕೂಡಲೇ ಇಳಿದವರು ಉಸಿರುಗಟ್ಟಿ ಸತ್ತದ್ದು ಉಂಟು. ಅದಕ್ಕೇ ಹಿರಿಯರು ಮೊದಲು ದೀಪ ಇಳಿಸಿ ನೋಡುತ್ತಿದ್ದರು. ದೀಪ ಆರಿದರೆ ಇಳಿಯುತ್ತಿರಲಿಲ್ಲ.

ನನಗೆ ಎಲ್ಲಕ್ಕಿಂತ ಇಷ್ಟವಾಗಿದ್ದು ಸದ್ದುಗಳು ಒಳಗೆ ಇರುವ ರೀತಿ. ಅವು ಹಿಂದಿನದು ಮೊದಲು, ಮುಂದಿನದು ಆಮೇಲೆ ಅಂತ ಇರುವುದಿಲ್ಲ. ತೂಕದ ಪ್ರಕಾರ ಇರುತ್ತವೆ. ಹಗುರ ಸದ್ದು ಮೇಲೆ. ಕೋಳಿ ಕೆದರುವುದು, ಬಳೆ, ಮೊರದಲ್ಲಿ ಕಾಳು ಹಸನು ಮಾಡುವುದು. ಅದರ ಕೆಳಗೆ ರೊಟ್ಟಿ ಬಡಿಯುವ ಸದ್ದು, ಬಾವಿಯ ಗಾಲಿ, ದನದ ಕೊರಳ ಗಂಟೆ. ಅದರ ಕೆಳಗೆ ಬೀಸುಕಲ್ಲು. ಅದರ ಕೆಳಗೆ?

"ಅದರ ತಳಕ್ಕ ಕೈ ಹಾಕಬಾರದು," ಅಂದು ಹೊದಿಕೆ ಎಳೆದುಕೊಳ್ಳುತ್ತಿದ್ದಳು. ಅಮ್ಮನಿಗೆ ಆ ಊರಲ್ಲಿ ಒಂದು ಗಂಡು ಕೂಸು ಹುಟ್ಟಿ ತೀರಿಕೊಂಡಿತ್ತು ಅಂತ ನಮ್ಮವ್ವ ನನಗೆ ಹೇಳಿದ್ದು ತೀರಾ ಈಚೆಗೆ.

ನನ್ನ ಕೆಲಸವೇ ಸದ್ದಿನದು. ಹಾಗಾಗಿ ಈ ಕತೆಯನ್ನು ನಾನು ಕತೆ ಅಂತ ಬಿಡಲು ಆಗಲಿಲ್ಲ. ಕೊಪ್ಪಳದ ಸುತ್ತ ಬರೀ ಬಂಡೆಗುಡ್ಡ. ಹೊಸ ಹುಡುಗರಿಗೆ ನಾನು ಹೇಳಿಕೊಡುವ ಮೊದಲ ಪಾಠ, ಗುಡ್ಡಕ್ಕೆ ಮುಖ ಮಾಡಿ ಹಾರ್ನ್ ಕಟ್ಟಬೇಡ. ಸದ್ದು ಸೆಕೆಂಡಿಗೆ ಸುಮಾರು 340 ಮೀಟರ್ ಹೋಗುತ್ತದೆ. ಗುಡ್ಡ 170 ಮೀಟರ್ ದೂರ ಇದ್ದರೆ ಹೋಗಿ ಬರಲು ಸರಿಯಾಗಿ ಒಂದು ಸೆಕೆಂಡು. ಸ್ವಾಮಿಗಳು ಒಂದು ಮಾತು ಆಡುವಷ್ಟರಲ್ಲಿ ಹಿಂದಿನ ಮಾತು ವಾಪಸ್ ಬಂದು ಅದರ ಮೇಲೆ ಬೀಳುತ್ತದೆ. ಕೇಳುವವರಿಗೆ ಎರಡೂ ತಿಳಿಯುವುದಿಲ್ಲ.

ಒಂದು ರಾತ್ರಿ ಅಂಗಡಿಯಲ್ಲಿ ಒಬ್ಬನೇ ಕೂತು ಲೆಕ್ಕ ಹಾಕಿದೆ. ಎಪ್ಪತ್ತು ವರ್ಷದ ಹಿಂದೆ ಅಮ್ಮನ ಊರಲ್ಲಿ ಎದ್ದ ಸದ್ದು ಇವತ್ತು ವಾಪಸ್ ಬರಬೇಕಾದರೆ ಗುಡ್ಡ ಎಷ್ಟು ದೂರ ಇರಬೇಕು? 37 ಕೋಟಿ ಕಿಲೋಮೀಟರ್‌ಗಿಂತ ಜಾಸ್ತಿ ಬಂತು. ಸೂರ್ಯನೇ ಇರುವುದು 15 ಕೋಟಿ ಕಿಲೋಮೀಟರ್ ದೂರದಲ್ಲಿ. ಅಲ್ಲಿಯವರೆಗೆ ಗಾಳಿಯೂ ಇಲ್ಲ, ಗಾಳಿ ಇಲ್ಲದೆ ಸದ್ದೂ ಇಲ್ಲ. ಇದ್ದಿದ್ದರೂ ಅಷ್ಟು ದೂರ ಬದುಕುವುದಿಲ್ಲ. ಸದ್ದು ಅಂದರೆ ಗಾಳಿಯ ನಡುಕ. ಅದು ಗೋಡೆಗೆ, ಬಟ್ಟೆಗೆ, ಮೈಗೆ ತಾಗುತ್ತಾ ತಾಗುತ್ತಾ ಕಣ್ಣಿಗೆ ಕಾಣದಷ್ಟು ಸಣ್ಣ ಕಾವಾಗಿ ಮುಗಿದುಹೋಗುತ್ತದೆ. ಖಾಲಿ ಕಲ್ಯಾಣ ಮಂಟಪ ಗೊಂಯ್ ಅನ್ನುತ್ತದೆ. ಜನ ತುಂಬಿದ ಮೇಲೆ ಅದೇ ಮಂಟಪ ಸುಮ್ಮನಾಗುತ್ತದೆ. ಜನರ ಮೈ, ಬಟ್ಟೆ ಸದ್ದನ್ನು ಕುಡಿದುಬಿಡುತ್ತವೆ. ಇದನ್ನು ನಾನು ದಿನಾ ನೋಡುತ್ತೇನೆ.

ಹಾಗಾದರೆ ಅಮ್ಮ ಹೇಳಿದ್ದು ಎಲ್ಲಿ ಉಳಿಯಿತು? ಇದಕ್ಕೆ ನನಗೆ ಅರ್ಧ ಉತ್ತರ ಸಿಕ್ಕಿದ್ದು ಹಿರೇಬೆಣಕಲ್ ಗುಡ್ಡದ ಮೇಲೆ.

ಗಂಗಾವತಿ ತಾಲೂಕಿನ ಈ ಗುಡ್ಡಕ್ಕೆ ಜನ ಮೋರ್ಯರ ಗುಡ್ಡ ಅಂತಾರೆ. ಮೋರ್ಯರು ಮೂರಡಿ ಎತ್ತರದ ಕುಳ್ಳರು, ಕಲ್ಲಿನ ಮನೆ ಕಟ್ಟಿಕೊಂಡಿದ್ದರು ಅಂತ ಹಿಂದಿನಿಂದ ಬಂದ ಮಾತು. ಆ ಮನೆಗಳು ನಿಜಕ್ಕೂ ಅಲ್ಲಿವೆ. ನಾಲ್ಕು ನೂರರಷ್ಟು. ಮೂರು ಕಡೆ ಚಪ್ಪಡಿ ನಿಲ್ಲಿಸಿ, ಮೇಲೊಂದು ಚಪ್ಪಡಿ ಹೊದಿಸಿ, ಮುಂದಿನ ಕಲ್ಲಿಗೆ ದುಂಡಗೆ ಕಿಂಡಿ ಕೊರೆದದ್ದು. ಓದಿದವರು ಅವು ಸತ್ತವರಿಗಾಗಿ ಕಟ್ಟಿದ ಗುಡಿಗಳು, ಎರಡು ಸಾವಿರ ವರ್ಷಕ್ಕೂ ಹಳೆಯವು ಅಂತಾರೆ. ಸುರಪುರದಲ್ಲಿ ಅಧಿಕಾರಿಯಾಗಿದ್ದ ಇಂಗ್ಲಿಷರ ಮೆಡೋಸ್ ಟೇಲರ್ ಸಾಹೇಬ ಹತ್ತೊಂಬತ್ತನೇ ಶತಮಾನದಲ್ಲೇ ಇದರ ಬಗ್ಗೆ ಬರೆದಿದ್ದ. 2021ರಲ್ಲಿ ಯುನೆಸ್ಕೋದ ತಾತ್ಕಾಲಿಕ ಪಟ್ಟಿಗೂ ಸೇರಿತು.

ನಾನು ಹೋಗಿದ್ದು ಮನೆ ನೋಡಲು ಅಲ್ಲ. ಅಲ್ಲೊಂದು ಕಲ್ಲಿನ ನಗಾರಿ ಇದೆ. ದೊಡ್ಡ ಬಂಡೆಯ ತಲೆಯ ಮೇಲೆ ನಗಾರಿಯ ಹಾಗೇ ಕೂತ ಅರ್ಧಗುಂಡಿನ ಕಲ್ಲು. ಬಾರಿಸಿದರೆ ಒಂದು ಕಿಲೋಮೀಟರ್ ಕೇಳುತ್ತದೆ. ಏದುಸಿರು ಬಿಡುತ್ತಾ ಹತ್ತಿದೆ. ಜೊತೆಗೆ ಬಂದಿದ್ದ ಊರಿನ ಹುಡುಗ ಕಟ್ಟಿಗೆಯಿಂದ ಮೆಲ್ಲಗೆ ಒಂದು ಪೆಟ್ಟು ತಟ್ಟಿದ. ಅದು ಕಲ್ಲಿನ ಸದ್ದು ಅಲ್ಲವೇ ಅಲ್ಲ. ಢಣ್ ಅಂತ ಎದ್ದು, ಕೆಳಗಿನ ಮನೆಗಳ ಮೇಲೆ ಹರಿದು ಹೋಯಿತು. ನನ್ನ ಕೈ ಮೇಲಿನ ಕೂದಲು ನಿಂತವು.

ನೆಲದಲ್ಲಿ ಹೂತ ಬಂಡೆಗೆ ಹೊಡೆದರೆ ಠಕ್ ಅನ್ನುತ್ತದೆ, ಅಷ್ಟೆ. ನಡುಕ ಎಲ್ಲ ಮಣ್ಣಿಗೆ ಹೋಗುತ್ತದೆ. ಬಿರುಕಿಲ್ಲದ ಕಲ್ಲು ಒಂದೆರಡು ಕಡೆ ಮಾತ್ರ ತಾಗಿ ಕೂತಿದ್ದರೆ ಅದಕ್ಕೆ ನಡುಗಲು ಬಿಡುವು ಇರುತ್ತದೆ, ಗಂಟೆಗೆ ಇದ್ದ ಹಾಗೆ. ಬಳ್ಳಾರಿ ಮಗ್ಗುಲಿನ ಸಂಗನಕಲ್ಲು–ಕಪ್ಪಗಲ್ಲು ಗುಡ್ಡದಲ್ಲೂ ಇಂಥ ಕಲ್ಲುಗಳಿವೆ ಅಂತ ಅಲ್ಲಿಗೂ ಹೋದೆ. ಅಲ್ಲಿಯವು ಡೊಲರೈಟ್ ಎಂಬ ಕರಿಕಲ್ಲು. ಉದ್ದ ಕೊಂಬಿನ, ಇಣಿ ಇರುವ ದನಗಳ ಚಿತ್ರವನ್ನು ಅದರ ಮೇಲೆ ಕುಟ್ಟಿ ಕುಟ್ಟಿ ಬಿಡಿಸಿದ್ದಾರೆ. ಪಕ್ಕದಲ್ಲೇ ಕೆಲವು ಕಲ್ಲುಗಳಲ್ಲಿ ನುಣುಪು ತಗ್ಗುಗಳು. ಆ ತಗ್ಗಿಗೆ ಕಲ್ಲಿನಿಂದ ಹೊಡೆದರೆ ಗಂಟೆಯ ಹಾಗೆ ನುಡಿಯುತ್ತದೆ. ಬಾರಿಸಿ ಬಾರಿಸಿಯೇ ಆ ತಗ್ಗು ಆದದ್ದು. ದನ ಕಟ್ಟಿಕೊಂಡು ಅಲ್ಲಿ ಬಾಳಿದ ಜನ ನಾಲ್ಕು ಸಾವಿರ ವರ್ಷಕ್ಕೂ ಹಿಂದಿನವರು. ಅವರ ಭಾಷೆ ಯಾವುದು, ಹೆಸರೇನು, ಯಾರಿಗೂ ಗೊತ್ತಿಲ್ಲ. ಆದರೆ ಅವರು ಕೇಳಿದ ಸದ್ದು ನನಗೆ ಕೇಳಿತು. ಅದೇ ಕಲ್ಲು, ಅದೇ ತಗ್ಗು, ಅದೇ ದನಿ.

ಅಲ್ಲಿ ಕೂತಾಗ ನನಗೆ ಹೊಳೆಯಿತು. ಸದ್ದು ಎಲ್ಲೂ ಉಳಿಯುವುದಿಲ್ಲ. ಸದ್ದು ಮಾಡುವ ವಸ್ತು ಉಳಿಯುತ್ತದೆ. ಅದನ್ನು ಮತ್ತೆ ಮುಟ್ಟಿದಾಗ ಅದೇ ಸದ್ದು ಹೊಸದಾಗಿ ಹುಟ್ಟುತ್ತದೆ. ಆ ಕಪ್ಪಗಲ್ಲಿನ ಗುಡ್ಡದಲ್ಲಿ ಕಲ್ಲು ಒಡೆದು ಸಾಗಿಸಿದ ಗುರುತು ಕಂಡು ನನಗೆ ಹೊಟ್ಟೆಗೆ ಚುರುಕ್ ಅಂದಿದ್ದು ಅದಕ್ಕೇ. ಹಾಡುವ ಕಲ್ಲು ಜಲ್ಲಿಯಾದರೆ ಒಂದು ದನಿ ಶಾಶ್ವತವಾಗಿ ಹೋದ ಹಾಗೆ. ರೆಕಾರ್ಡ್ ಮಾಡಿಟ್ಟುಕೊಳ್ಳಬಹುದು. ಆದರೆ ರೆಕಾರ್ಡ್ ಅಂದರೆ ಫೋಟೋ ಇದ್ದ ಹಾಗೆ. ಫೋಟೋ ಎದ್ದು ಮಾತಾಡುವುದಿಲ್ಲ ಅಲ್ವಾ?

2024ರ ಆಗಸ್ಟ್ 10ರ ರಾತ್ರಿ ಡ್ಯಾಮಿನ 19ನೇ ಗೇಟಿನ ಚೈನು ಕಡಿದು ಗೇಟೇ ಕೊಚ್ಚಿಕೊಂಡು ಹೋಯಿತು. 33 ಗೇಟುಗಳಲ್ಲಿ ಒಂದು. ಮರುದಿನ ಟಿವಿ ತುಂಬಾ ಅದೇ. ತುಂಬಿದ ಡ್ಯಾಮಿನ ನೀರನ್ನು ಇಳಿಸದೆ ರಿಪೇರಿ ಆಗುವುದಿಲ್ಲ ಅಂತ ಬೇರೆ ಗೇಟುಗಳನ್ನೂ ಎತ್ತಿ ನೀರು ಬಿಟ್ಟರು. ರೈತರೆಲ್ಲ ಎರಡನೇ ಬೆಳೆ ಹೋಯಿತಲ್ಲ ಅಂತ ತಲೆ ಮೇಲೆ ಕೈ ಹೊತ್ತು ಕೂತಿದ್ದರು. ನನ್ನ ಚಿಂತೆಯೂ ಅದೇ. ರೈತರ ಕೈಯಲ್ಲಿ ದುಡ್ಡಿಲ್ಲದಿದ್ದರೆ ನಮಗೂ ಮದುವೆ ಸೀಸನ್ ಇಲ್ಲ. ನಮ್ಮವ್ವ ಮಾತ್ರ ಟಿವಿ ಮುಂದೆ ಬೇರೆಯೇ ಕೇಳಿದಳು.

"ನೀರು ಪೂರಾ ಇಳದ್ರ ಊರು ಕಾಣ್ತೈತೇನೋ?"

ನಾಲ್ಕು ವರ್ಷಕ್ಕೆ ಬಿಟ್ಟು ಬಂದ ಊರು. ಅವಳಿಗೆ ಅದರ ನೆನಪೇ ಇಲ್ಲ. ಅವಳಿಗೂ ಇರುವುದು ಅಮ್ಮ ಹೇಳಿದ ಊರೇ. ಒಂದು ವಾರದಲ್ಲಿ ಗೇಟಿನ ಜಾಗಕ್ಕೆ ಕಬ್ಬಿಣದ ಹಲಗೆ ಇಳಿಸಿ ನೀರು ನಿಲ್ಲಿಸಿದರು. ಎಲ್ಲರೂ ಉಸಿರು ಬಿಟ್ಟರು. ಅವ್ವ ಏನೂ ಅನ್ನಲಿಲ್ಲ.

ಆ ಮಾತು ನನ್ನ ತಲೆಯಲ್ಲೇ ಉಳಿಯಿತು. ಮುಂದಿನ ಬೇಸಿಗೆಯಲ್ಲಿ, ನೀರು ತುಂಬಾ ಹಿಂದೆ ಸರಿದಾಗ, ಒಂದು ದಿನ ಬೆಳಗಿನ ಜಾವ ಮೂರಕ್ಕೆ ಎದ್ದು ಹಿನ್ನೀರಿಗೆ ಹೋದೆ. ಬೈಕು ದೂರ ನಿಲ್ಲಿಸಿದೆ. ಚಪ್ಪಲಿ ಬಿಟ್ಟೆ. ಅಂಗಡಿಯ ಒಳ್ಳೆಯ ಮೈಕು, ರೆಕಾರ್ಡರ್, ಹೆಡ್‌ಫೋನು ತಂದಿದ್ದೆ. ಒಣಗಿದ ರಾಡಿ ಕಾಲಡಿ ಹಂಚಿನ ಹಾಗೆ ಒಡೆಯುತ್ತಿತ್ತು. ಅಮ್ಮ ಹೇಳಿದ ದಿಕ್ಕಿಗೆ, ನೀರಿನ ಅಂಚಿನವರೆಗೂ ನಡೆದೆ. ಊರು ಕಾಣಲಿಲ್ಲ. ಅದು ಇನ್ನೂ ಒಳಗೆ. ಮೈಕನ್ನು ನೀರಿನ ಕಡೆಗೆ ನಿಲ್ಲಿಸಿ, ಬಾಯಿ ಬಿಗಿಹಿಡಿದು ಕೂತೆ. ಒಂದೂ ಮಾತಾಡಲಿಲ್ಲ. ಕೆಮ್ಮು ಬಂದರೂ ತಡೆದುಕೊಂಡೆ.

ನಲವತ್ತು ನಿಮಿಷ ಸಿಕ್ಕಿತು. ಗಾಳಿ. ನೀರು ದಂಡೆಯನ್ನು ನೆಕ್ಕುವ ಸದ್ದು. ರಾಡಿ ಒಣಗುತ್ತಾ ಚಿಟಿಚಿಟಿ ಬಿರಿಯುವುದು. ದೂರದಲ್ಲಿ ಯಾರದೋ ಮೋಟರ್. ಯಾವುದೋ ಹಕ್ಕಿಗಳ ಗುಂಪು ಒಮ್ಮೆಲೆ ಎದ್ದದ್ದು. ಕೊನೆಗೆ ಮೀನು ಹಿಡಿಯುವವರ ಹರಿಗೋಲು ಕಲ್ಲಿಗೆ ಉಜ್ಜಿದ ಗರ್ ಎಂಬ ಸದ್ದು. ಅದಕ್ಕೆ ಎದೆ ಹೊಡೆದುಕೊಂಡಿತು, ಬೀಸುಕಲ್ಲು ಅಂತ. ಬೆಳಕಾದ ಮೇಲೆ ಹರಿಗೋಲು ಕಂಡಿತು.

ಮನೆಗೆ ಬಂದು ಅವ್ವನ ಕಿವಿಗೆ ಹೆಡ್‌ಫೋನು ಹಾಕಿದೆ. ಸುಮ್ನೆ ಸ್ವಲ್ಪ ಕೇಳಿ ತೆಗೆಯುತ್ತಾಳೆ ಅಂದುಕೊಂಡಿದ್ದೆ. ಕಣ್ಣು ಮುಚ್ಚಿ ನಲವತ್ತು ನಿಮಿಷವೂ ಕೇಳಿದಳು. ತೆಗೆದು ನನ್ನ ಕೈಗೆ ಕೊಟ್ಟು ಹೇಳಿದಳು.

"ಕೋಳಿ ಇಲ್ಲ ಇದರಾಗ. ಕೋಳಿ ಮ್ಯಾಲ ಇರಬೇಕಲ್ಲ? ಇನ್ನಾ ಬಾಯಿ ತಗದಿಲ್ಲ ಅದು."

ಅವಳು ಇದನ್ನು ಆಡಿದ ರೀತಿ ನೋಡಿ ನನಗೆ ಅರ್ಥವಾಯಿತು. ನನಗೆ ಹೇಳಿದ ಕತೆಯನ್ನೇ ಅಮ್ಮ ಅವಳಿಗೂ ಹೇಳಿದ್ದಳು. ಅವಳು ಅದನ್ನು ಎಪ್ಪತ್ತು ವರ್ಷ ನಂಬಿಕೊಂಡೇ ಬಂದಿದ್ದಾಳೆ.

ಬೀಸುಕಲ್ಲು ನಮ್ಮ ಹಿತ್ತಲಲ್ಲಿತ್ತು. ಮನೆ ಪಾಲಾದಾಗ ಯಾರಿಗೂ ಬೇಡವಾಗಿ ಅವ್ವನ ಪಾಲಿಗೆ ಬಂದದ್ದು. ಮೇಲಿನ ಕಲ್ಲಿನ ಮೇಲೆ ಬಕೆಟ್ ಇಡುತ್ತಿದ್ದೆವು. ಅದು ಸುಮ್ಮನಾದ ಕಾರಣವೂ ಆ ಡ್ಯಾಮೇ. ಎಡದಂಡೆ ಕಾಲುವೆ ಬಂತು, ಗಂಗಾವತಿ ಸೀಮೆಯ ಎರೆಹೊಲ ಗದ್ದೆಯಾಯಿತು, ಜೋಳ ಬಿತ್ತುವವರು ನೆಲ್ಲು ಹಚ್ಚಿದರು. ಮುನಿರಾಬಾದಿನ ಕರೆಂಟು ಬಂತು, ಊರೂರಿಗೆ ಹಿಟ್ಟಿನ ಗಿರಣಿ ಬಂತು. ನಸುಕಿನಲ್ಲಿ ಎದ್ದು ಬೀಸುತ್ತಾ ಹಾಡುತ್ತಿದ್ದ ಹೆಂಗಸರಿಗೆ ಅಷ್ಟು ನಿದ್ದೆ ಸಿಕ್ಕಿತು. ಅದು ಒಳ್ಳೆಯದೇ ಆಯಿತು. ಅಮ್ಮನ ಅಂಗೈ ಕೊನೆಯವರೆಗೂ ಚಕ್ಕಳದ ಹಾಗೆ ಗಟ್ಟಿ ಇತ್ತು, ಅದನ್ನು ನಾನು ಮುಟ್ಟಿ ನೋಡಿದ್ದೇನೆ.

ಕಲ್ಲು ತೊಳೆದೆ. ಹಿಡಿಯುವ ಗೂಟ ಯಾವಾಗಲೋ ಮುರಿದುಹೋಗಿತ್ತು. ಬಡಿಗೇರರ ಹತ್ತಿರ ಹೋಗಿ ಜಾಲಿ ಕಟ್ಟಿಗೆಯ ಗೂಟ ಮಾಡಿಸಿ ತಂದೆ. ಒಳಮೈ ಸವೆದು ನುಣ್ಣಗಾಗಿದೆ. ಉಳಿಯಿಂದ ಹೊಸದಾಗಿ ಕಚ್ಚು ಹಾಕಿಸಿದರೆ ಹಿಟ್ಟು ನುಣ್ಣಗೆ ಬರುತ್ತದೆ ಅಂತ ಅವ್ವ ಅಂದಳು. ಬೇಡ ಅಂದೆ. ಸವೆಸಿದ್ದು ಅಮ್ಮನ ಕೈ. ಕಚ್ಚು ಹಾಕಿಸಿದರೆ ಸದ್ದು ಬದಲಾಗುತ್ತದೆ. ಇದಕ್ಕೆ ನಾವಿಬ್ಬರೂ ಎರಡು ದಿನ ವಾದ ಮಾಡಿದೆವು.

ಮೊನ್ನೆ ಅಮಾವಾಸ್ಯೆ ದಿನ ಅಂಗಡಿಗೆ ರಜೆ. ಸಂಜೆ ಹಿತ್ತಲಲ್ಲಿ ಕೂತು, ಒಂದು ಕಾಲು ಚಾಚಿ, ಒಂದು ಕಾಲು ಮಡಚಿ, ಅಮ್ಮ ಕೂರುತ್ತಿದ್ದ ಹಾಗೇ ಕೂತು ಬೀಸತೊಡಗಿದೆ. ಮೈಕ್ ತಂದಿರಲಿಲ್ಲ. ಮೊದಲು ತಡೆತಡೆದು ಬಂತು. ನಾಲ್ಕೈದು ಸುತ್ತಿಗೆ ಹದ ಸಿಕ್ಕಿತು. ಗರ್ರ್ ಅಂತ ಶುರುವಾಗಿ, ಗೂಟ ನನ್ನ ಹತ್ತಿರ ಬಂದಾಗ ಸ್ವಲ್ಪ ಏರಿ, ದೂರ ಹೋದಾಗ ಸ್ವಲ್ಪ ಇಳಿಯುತ್ತದೆ. ಒಂದು ಕಡೆ ಜಾಸ್ತಿ ಸವೆದದ್ದಕ್ಕೆ ಪ್ರತಿ ಸುತ್ತಿಗೂ ಒಂದು ಸಣ್ಣ ಕುಂಟು. ಆ ಕುಂಟು ನನಗೆ ಗೊತ್ತಿತ್ತು. ರಜೆಯ ದಿನಗಳಲ್ಲಿ ನಿದ್ದೆಗಣ್ಣಲ್ಲಿ ಕೇಳುತ್ತಿದ್ದ ಸದ್ದಿನಲ್ಲಿ ಅದೇ ಕುಂಟು ಇತ್ತು. ಇಷ್ಟು ವರ್ಷ ಅದನ್ನು ಮರೆತೇ ಹೋಗಿದ್ದೆ.

ಒಳಗಿನಿಂದ ಅವ್ವ ಕೂಗಿದಳು.

"ಹಿಡಿ ಹಾಕೋ! ಕಲ್ಲು ಕಲ್ಲು ತಿನ್ನಾಕತ್ತಾವ!"

ನನ್ನ ಕೈ ನಿಂತಿತು. ಅದು ಅಮ್ಮನ ಮಾತು. ಅದೇ ಗದರಿಕೆ, ಕೊನೆಯಲ್ಲಿ ಅದೇ ಎಳೆತ. ಚಿಕ್ಕವನಿದ್ದಾಗ ಕಾಳು ಹಾಕುವ ಕೆಲಸ ನನ್ನದು, ಮರೆತು ಕೂತರೆ ಹೀಗೇ ಗದರುತ್ತಿದ್ದಳು. ಅವ್ವ ಇಷ್ಟು ವರ್ಷದಲ್ಲಿ ಒಂದು ಸಲವೂ ಈ ಮಾತು ಆಡಿದ್ದು ನಾನು ಕೇಳಿಲ್ಲ. ಆಡುವ ಪ್ರಸಂಗವೇ ಬಂದಿರಲಿಲ್ಲ, ಕಲ್ಲು ಸುಮ್ಮನೆ ಬಿದ್ದಿತ್ತು.

ನಾನು ನಿಲ್ಲಿಸಿದ್ದು ಕೇಳಿ ಅವಳೇ ಹೊರಗೆ ಬಂದಳು. ಮೊರದಲ್ಲಿ ಜೋಳ ತಂದಿದ್ದಳು. ಮಂಡಿನೋವು ಅಂತ ವರ್ಷಗಳಿಂದ ನೆಲಕ್ಕೆ ಕೂರದವಳು, ಗೋಡೆ ಹಿಡಿದು ಮೆಲ್ಲಗೆ ಇಳಿದು ನನ್ನ ಎದುರಿಗೆ ಕೂತಳು. ಒಂದು ಹಿಡಿ ಕಾಳು ಕಲ್ಲಿನ ಬಾಯಿಗೆ ಹಾಕಿದಳು. ನನ್ನ ಕೈ ಮೇಲೆ ಕೈ ಇಟ್ಟು ಗೂಟ ಹಿಡಿದಳು.

ಹಿಟ್ಟು ಆಗಲಿಲ್ಲ, ನುಚ್ಚಾಯಿತು. ರಾತ್ರಿ ಅದನ್ನೇ ಕುದಿಸಿ ಮಜ್ಜಿಗೆ ಹಾಕಿಕೊಂಡು ಉಂಡೆವು.